ಹಿಟ್ಟು, ನೀರು, ಅಷ್ಟೇ

ಮೂವತ್ತೆಂಟು ವರ್ಷದಿಂದ ಬೇಕರಿ ನಡೆಸುತ್ತಿರುವವಳು ನಾನು. ಹಿಟ್ಟು ಕಲಸುವುದನ್ನು ನನಗೇ ಹೇಳಿಕೊಡಲು ಬರುವವರನ್ನು ಕಂಡರೆ ಮೈ ಉರಿಯುತ್ತದೆ. ಚರ್ಚಿಗೆ ಪರಮಪ್ರಸಾದದ ರೊಟ್ಟಿ ಸುಡುತ್ತಿದ್ದ ಸಿಸ್ಟರ್ ಕೈ ಮುರಿದುಕೊಂಡಾಗ ಆ ಕೆಲಸ ನನ್ನ ಪಾಲಿಗೆ ಬಂತು. "ಗೋಧಿ ಹಿಟ್ಟು, ನೀರು, ಅಷ್ಟೇ. ಬೇರೇನೂ ಹಾಕ್ಬೇಡಿ, ಹಾಕಿದ್ರೆ ಅದು ಪರಮಪ್ರಸಾದ ಆಗಲ್ಲ," ಎಂದು ಮೂರು ಸಲ ಹೇಳಿದರು. "ಸಿಸ್ಟರ್, ನಾನೇನು ನಿನ್ನೆ ಮೊನ್ನೆ ಒಲೆ ಹಚ್ಚಿದವಳಾ?" ಎಂದುಬಿಟ್ಟೆ.

ಆ ಭಾನುವಾರ ನನ್ನ ಮೊಮ್ಮಗಳಿಗೆ ಮೊದಲ ಪರಮಪ್ರಸಾದ. ಎಂಟು ವರ್ಷದ ಪೋರಿ, ತಿಂಗಳಿಂದ ನಾಲಿಗೆಯ ಮೇಲೆ ಬಿಸ್ಕತ್ತಿನ ಚೂರಿಟ್ಟುಕೊಂಡು ಅಭ್ಯಾಸ ಮಾಡುತ್ತಿದ್ದಳು. "ಅಜ್ಜಿ, ನೀನು ಮಾಡಿದ ರೊಟ್ಟೀಲೇ ಯೇಸುಸ್ವಾಮಿ ಬರ್ತಾರಾ?" ಎಂದು ಕೇಳಿ ನನ್ನ ಕಣ್ಣಲ್ಲಿ ನೀರು ತರಿಸಿದ್ದಳು.

ಶನಿವಾರ ಕಬ್ಬಿಣದ ಅಚ್ಚಿನಲ್ಲಿ ಹಿಟ್ಟು ಸುರಿದು, ಹಾಳೆಯಷ್ಟು ತೆಳ್ಳಗೆ ಸುಟ್ಟು, ದುಂಡಗೆ ಕತ್ತರಿಸಿ, ಡಬ್ಬಿ ತುಂಬಿ ಫಾದರ್‌ಗೆ ಕೊಟ್ಟು ಬಂದೆ. ಭಾನುವಾರ ಬೆಳಿಗ್ಗೆ, ಪೂಜೆಗೆ ಇನ್ನೂ ಎರಡು ಗಂಟೆ ಇರುವಾಗ, ಕತ್ತರಿಸಿ ಉಳಿದಿದ್ದ ಒಂದು ಅಂಚಿನ ಚೂರನ್ನು ಸುಮ್ಮನೆ ಬಾಯಿಗೆ ಹಾಕಿಕೊಂಡೆ. ಸಿಹಿ! ತಲೆ ಎಲ್ಲೋ ಇದ್ದಾಗ ಕೈ ತನ್ನ ಪಾಡಿಗೆ ಸಕ್ಕರೆ ಡಬ್ಬಿಗೆ ಹೋಗಿದೆ. ಹಾಳಾದ ಅಭ್ಯಾಸ!

ಸುಮ್ಮನಿದ್ದಿದ್ದರೆ ಯಾರೂ ನನ್ನನ್ನು ಕೇಳುತ್ತಿರಲಿಲ್ಲವೇನೋ. ಆದರೆ ನನ್ನ ಕೂಸಿನ ಬಾಯಿಗೆ ಬೀಳುವುದು ಬರೀ ಬಿಸ್ಕತ್ತಾಗಿಬಿಟ್ಟರೆ? ಹೇಳಲು ನಾಚಿಕೆ, ಹೇಳದಿರಲು ಭಯ. ಚಪ್ಪಲಿ ಮೆಟ್ಟಿ ಓಡಿದೆ.

ಫಾದರ್ ಡಬ್ಬಿಯಿಂದ ಒಂದನ್ನು ತೆಗೆದು ಕಚ್ಚಿದರು. "ತುಂಬಾ ರುಚಿಯಾಗಿದೆ ಅಮ್ಮಾ. ಅದಕ್ಕೇ ನಡೆಯಲ್ಲ."

"ಹಳೇದು ಇಲ್ವಾ ಫಾದರ್?"

"ನಿನ್ನೆಗೇ ಮುಗೀತು. ಹೊಸದು ಸುಟ್ಟು ತಂದ್ರೆ ಸರಿ. ಇಲ್ದಿದ್ರೆ ಮಕ್ಕಳು ಮುಂದಿನ ವಾರ ಬರ್ಬೇಕು."

ಮುಂದಿನ ವಾರವಂತೆ! ಆಗಲೇ ಬಿಳಿ ಫ್ರಾಕ್ ತೊಟ್ಟು ಕನ್ನಡಿ ಮುಂದೆ ನಿಂತವಳಿಗೆ ಏನಂತ ಹೇಳಲಿ? ಬೇಕರಿಗೆ ಬಂದವಳೇ ಸಕ್ಕರೆ ಡಬ್ಬಿಯನ್ನು ಸೊಸೆಯ ಕೈಗೆ ತುರುಕಿದೆ. "ಇದನ್ನ ತಗೊಂಡು ಹೊರಗೆ ನಿಂತ್ಕೊಳ್ಳಮ್ಮ. ನಾನು ಕೇಳಿದ್ರೂ ಕೊಡ್ಬೇಡ."

"ಉಪ್ಪಿನ ಡಬ್ಬೀನೂ ತಗೊಂಡು ಹೋಗ್ತೀನಿ ಅತ್ತೆ," ಎಂದಳು ಅವಳು, ನಗು ತಡೆಯಲಾಗದೆ.

ಸುಟ್ಟ ಹಾಳೆಗಳನ್ನು ತೇವದಲ್ಲಿಟ್ಟು ಮೆತ್ತಗಾಗಿಸಲು ಹೊತ್ತೆಲ್ಲಿತ್ತು? ಕತ್ತರಿಸಿದರೆ ಅಂಚೆಲ್ಲ ಪುಡಿಪುಡಿ. ಒಂದಾದರೂ ದುಂಡಗಿದ್ದರೆ ಕೇಳಿ. ಅಂಗಡಿಯಲ್ಲಾದರೆ ಇಂಥದ್ದನ್ನು ಹಕ್ಕಿಗಳಿಗೆ ಹಾಕುತ್ತಿದ್ದೆ. ಚರ್ಚಿನ ಗಂಟೆ ಹೊಡೆಯುವಾಗ ಡಬ್ಬಿ ಫಾದರ್ ಕೈ ಸೇರಿತು.

ಮೊಮ್ಮಗಳು "ಆಮೆನ್" ಎಂದು ಬಾಯಿ ತೆರೆದಳು. ನಾನು ಹಿಂದಿನ ಬೆಂಚಿನಿಂದ ಕತ್ತು ಚಾಚಿ ನೋಡುತ್ತಿದ್ದೆ.

ಪೂಜೆ ಮುಗಿದದ್ದೇ ಓಡಿಬಂದು ನನ್ನ ಕೊರಳು ತಬ್ಬಿಕೊಂಡಳು. ಕಿವಿಯ ಹತ್ತಿರ ಬಾಯಿ ತಂದು, "ಬೇಜಾರ್ ಮಾಡ್ಕೋಬೇಡ ಅಜ್ಜಿ, ಅದಕ್ಕೆ ರುಚಿನೇ ಇರ್ಲಿಲ್ಲ," ಎಂದಳು.

ಇಷ್ಟು ವರ್ಷ ಎಷ್ಟೋ ಜನ ನನ್ನ ಬ್ರೆಡ್ಡನ್ನು ಹೊಗಳಿದ್ದಾರೆ, ಯಾರ ಮಾತಿಗೂ ನಾನು ಹೀಗೆ ಅತ್ತವಳಲ್ಲ.

"ಇನ್ನೊಂದ್ಸಲ ಹೇಳೇ ನನ್ನ ಬಂಗಾರ," ಎಂದೆ.