ತಗ್ಗಿನ ತಂಪು

ನಾನು ಒಂದು ಗಣಿದೀಪ. ಹಿತ್ತಾಳೆಯ ಬುಡ, ದಪ್ಪ ಗಾಜು, ಮೇಲೆ ಬೆಂಕಿ ಹೊರಗೆ ಹಾರದಂತೆ ತಂತಿಯ ಬಲೆ. ಹುಟ್ಟಿದ್ದು ಕಲ್ಕತ್ತೆಯಲ್ಲಿ. ಹುಲ್ಲು ಸುತ್ತಿ ರೈಲಿಗೆ ಹಾಕಿದರು. ಬಿಚ್ಚಿದಾಗ ಸುತ್ತಲೂ ಮರಳು. ಆ ಊರಿನವರು ನೀರಿಗೆಂದು ಬಾವಿ ತೋಡಿದಾಗ ಕಲ್ಲಿದ್ದಲು ಸಿಕ್ಕಿತ್ತಂತೆ. ಅಂದು ಅತ್ತರಂತೆ.

ಬೆಳಕು ಕೊಡುವುದು ನನ್ನ ಅರ್ಧ ಕೆಲಸ. ಕೆಟ್ಟ ಗಾಳಿಯಲ್ಲಿ ಕುಗ್ಗಿ ಆರಿ, ಜನರನ್ನು ಎಚ್ಚರಿಸುವುದು ಇನ್ನರ್ಧ.

ನನ್ನನ್ನು ಒಯ್ಯುತ್ತಿದ್ದವನು ಲುಂಬಾರಾಮ. ಮೊದಲು ಕುರಿ ಕಾಯುತ್ತಿದ್ದ, ಹೊಸದಾಗಿ ಮದುವೆಯಾಗಿತ್ತು. ಕೋಲಾರದಿಂದ ಬಂದ ಮೇಸ್ತ್ರಿ ಚೌಡಪ್ಪನನ್ನು ಅವನು ದಿನವೂ ಕೆಣಕುತ್ತಿದ್ದ.

"ಚಿನ್ನ ಅಗೆಯೋದು ಬಿಟ್ಟು ಮಸಿ ಬಳ್ಕೊಳ್ಳೋಕೆ ಬಂದೆಯಾ, ಮೇಸ್ತ್ರಿ?"

"ಚಿನ್ನ ಸಾಹುಕಾರಂದು ಕಣೋ. ಕೆಮ್ಮು ಮಾತ್ರ ನಂದು."

ಅದು ಬಿಸಿಗಾಳಿಯ ಕಾಲ. ಗಣಿಯೊಳಗೂ ಮೈ ಬೇಯುತ್ತಿತ್ತು. ಊಟದ ಹೊತ್ತಿಗೆ ಲುಂಬಾರಾಮ ಸುರಂಗದ ತಗ್ಗಿನಲ್ಲಿ ಕೈ ಊರಿ ನೋಡಿದ.

"ಬನ್ರೋ, ಇಲ್ಲಿ ತಣ್ಣಗಿದೆ. ಝಮಕು ಕೈ ಇದ್ದ ಹಾಗೆ."

"ಎಲ್ಲದರಲ್ಲೂ ಹೆಂಡ್ತೀನೇ ಕಾಣ್ತಾಳೆ ಇವನಿಗೆ!" ಎಂದು ನಗುತ್ತ ಜೊತೆಯ ಇಬ್ಬರು ಇಳಿದರು.

ಮರಳುನಾಡಿನವರು ತಂಪು ಕಂಡಲ್ಲಿ ಕೂರುವವರು. ದೀಪವನ್ನು ನೆಲಕ್ಕಿಡುವವರಲ್ಲ. ನನ್ನನ್ನು ಮೇಲೆ, ಮರದ ಕಂಬದ ಮೊಳೆಗೆ ತೂಗುಹಾಕಿದರು.

ಅಲ್ಲಿ ಗಾಳಿ ಚೆನ್ನಾಗಿತ್ತು. ನಾನು ನೆಟ್ಟಗೆ ಉರಿಯುತ್ತಿದ್ದೆ. ಕೆಳಗೆ, ಕಲ್ಲಿದ್ದಲು ಉಸಿರನ್ನು ತಿಂದು ಬಿಟ್ಟ ಭಾರದ ಗಾಳಿ ನೀರಿನಂತೆ ನಿಂತಿತ್ತು. ಲುಂಬಾರಾಮ ನನ್ನ ಕಡೆ ನೋಡಿದ, ನೆಮ್ಮದಿಯಿಂದ ಮಲಗಿದ. ಒಬ್ಬ ಆಕಳಿಸಿದ. ಇನ್ನೊಬ್ಬನ ಕೈಯಿಂದ ರೊಟ್ಟಿ ಜಾರಿತು, ಅವನು ಎತ್ತಿಕೊಳ್ಳಲಿಲ್ಲ. ಆರಿಹೋಗಬೇಕೆಂದು ಎಷ್ಟು ಬಯಸಿದರೂ ನಾನು ಆರಲಿಲ್ಲ.

"ಲೇ, ಇನ್ನೂ ಮುಗೀಲಿಲ್ವೇನ್ರೋ ಊಟ?"

ಚೌಡಪ್ಪನ ದನಿ. ಯಾರೂ ಓಗೊಡಲಿಲ್ಲ. ಅವನು ನನ್ನನ್ನು ಮೊಳೆಯಿಂದ ತೆಗೆದು ಕೆಳಗಿಳಿಸಿದ. ಅವನ ಮೊಣಕಾಲಿನ ಹತ್ತಿರ ನಾನು ಕುಗ್ಗಿದೆ. ಇನ್ನೂ ಕೆಳಗೆ, ಆರಿದೆ. ಕತ್ತಲಲ್ಲಿ ಅವನ ಕೂಗು, ಜನ ಓಡಿಬರುವ ಸದ್ದು, ಮೈಗಳನ್ನು ಎಳೆಯುವ ಸದ್ದು.

ಕುಳಿತಿದ್ದ ಇಬ್ಬರಿಗೆ ಮೇಲೆ ಬಂದಮೇಲೆ ಉಸಿರು ಮರಳಿತು. ಮಲಗಿದ್ದವನಿಗೆ ಮರಳಲಿಲ್ಲ.

ಗಣಿಬಾಯಲ್ಲಿ ಝಮಕು ಕೇಳಿದಳು: "ದೀಪ ಉರೀತಿತ್ತಾ?"

"ಉರೀತಿತ್ತು, ತಾಯಿ," ಎಂದ ಚೌಡಪ್ಪ.

"ಮತ್ತೆ?"

"ಅದು ಮೇಲಿತ್ತು. ಕೆಟ್ಟ ಗಾಳಿ ಕೆಳಗಿತ್ತು."

ಅವಳು ಅಳಲಿಲ್ಲ.

ಅವಳಿಗೆ ದೀಪದ ಕೋಣೆಯಲ್ಲಿ ಕೆಲಸ ಸಿಕ್ಕಿತು. ನಮ್ಮನ್ನು ಒರೆಸಿ, ಹಚ್ಚಿ ಕೊಡುವಾಗ ಒಂದೇ ಮಾತು: "ನೀನು ಕೂತರೆ ಇದನ್ನೂ ನೆಲದಲ್ಲಿ ಕೂರಿಸು."

"ದೀಪಾನ ನೆಲಕ್ಕಿಡೋದಾ? ಅಪಶಕುನ, ಅತ್ತಿಗೆ."

"ಹಾಗಾದರೆ ವಾಪಸ್ ಕೊಡು," ಎಂದು ಅವಳು ಕೈ ಚಾಚುತ್ತಿದ್ದಳು. ದೀಪವಿಲ್ಲದೆ ಇಳಿಯುವಂತಿರಲಿಲ್ಲ. ಒಪ್ಪುತ್ತಿದ್ದರು.

ಆಮೇಲೆ ಎಷ್ಟೋ ಸಲ ಕುಳಿತವರ ಕಾಲ ಬಳಿ ಆರಿದ್ದೇನೆ. ತುತ್ತು ಬಿಟ್ಟು ಎದ್ದು, ನನ್ನನ್ನು ಶಪಿಸುತ್ತ ಅವರು ಮೇಲಕ್ಕೆ ಓಡುತ್ತಿದ್ದರು. ಕತ್ತಲಲ್ಲಿ ಆ ಬೈಗುಳಗಳನ್ನು ಎಣಿಸುತ್ತಿದ್ದೆ. ಇಳಿದವರೆಷ್ಟೋ ಅಷ್ಟು ದನಿ ಕೇಳಿದರೆ ನನಗೆ ಸಾಕಾಗುತ್ತಿತ್ತು.

ಈಗ ಆ ಸುರಂಗ ಮುಚ್ಚಿದೆ. ಬಯಲಲ್ಲಿ ಯಂತ್ರಗಳು ಅಗೆಯುತ್ತವೆ. ನಾನು ಬೀಗ ಹಾಕಿದ ಕೋಣೆಯಲ್ಲಿ ಹಸಿರುಗಟ್ಟುತ್ತಿದ್ದೇನೆ. ಮರಳು ಬಾಗಿಲ ಸಂದಿನಿಂದ ಒಳಗೆ ಬರುತ್ತದೆ. ಬೈಯುವವರು ಯಾರೂ ಇಲ್ಲ.