ಇಗರ್ಜಿಯ ಪುಸ್ತಕದ ವಯಸ್ಸು

ತಾಯಿ ಮೋಲಿಗೆ ಅರವತ್ತಾರು ತುಂಬಿದೆ ಎಂದು ತೋರಿಸಲು ಡೆನಿಸ್ ಪಟ್ಟ ಪಾಡು ಅಷ್ಟಿಷ್ಟಲ್ಲ. ಪಾಸ್‌ಪೋರ್ಟಿನಲ್ಲಿ ಮೋಲಿಗೆ ಅರವತ್ತಮೂರೇ. ಶಾಲೆಗೆ ಸೇರಿಸುವಾಗ ಮಾಸ್ತರರು, ಮುಂದೆ ಸರ್ಕಾರಿ ಕೆಲಸ ಸಿಕ್ಕರೆ ಮೂರು ವರ್ಷ ಹೆಚ್ಚು ದುಡಿಯಲಿ ಎಂದು, ಜೂನ್ ಒಂದು ಎಂದು ಬರೆದು ವಯಸ್ಸು ಇಳಿಸಿದ್ದರು. ಸರ್ಕಾರಿ ಕೆಲಸವಂತೂ ಸಿಗಲಿಲ್ಲ.

ಅವಳ ಹೃದಯದ ಕವಾಟ ಕೆಟ್ಟಿತ್ತು. ಮಗನ ಜೊತೆ ಪರದೇಶದಲ್ಲಿ ಕಾಯಂ ನೆಲೆಸಲು ಬೇಕಾದ ಪಿಆರ್ ಇನ್ನೂ ಬಂದಿರಲಿಲ್ಲ, ಹಾಗಾಗಿ ಸರ್ಕಾರದ ವಿಮೆ ಇಲ್ಲ; ಇದ್ದದ್ದು ಖಾಸಗಿ ಪಾಲಿಸಿ. ಹಳೆಯ ಕಾಯಿಲೆಯ ಆಪರೇಷನ್ನಿಗೆ ಅದರಲ್ಲಿ ಹನ್ನೆರಡು ತಿಂಗಳು ಕಾಯಬೇಕು. ಹತ್ತು ಕಳೆದಿತ್ತು. ಡೆನಿಸ್ ವೃದ್ಧಾಶ್ರಮವೊಂದರಲ್ಲಿ ಯಾರ್ಯಾರದೋ ಅಪ್ಪ ಅಮ್ಮಂದಿರನ್ನು ಮೀಯಿಸಿ ಕಂತು ಕಟ್ಟುತ್ತಿದ್ದ. ಶಿಫ್ಟ್ ಕಡಿಮೆಯಾಯಿತು, ವೆಸ್ಟ್‌ಮೀಡ್‌ನ ಫ್ಲ್ಯಾಟಿನ ರೆಂಟ್ ಏರಿತು, ಕೈ ಸೋತಿತು.

ಮೆಲ್ಬರ್ನ್‌ನಲ್ಲಿ ಮಂಗಳೂರಿನವರ ಟ್ರಸ್ಟೊಂದು ಅರವತ್ತೈದು ದಾಟಿದವರ ಅರ್ಧ ಕಂತು ಕಟ್ಟುತ್ತದೆಂದು ಯಾರೋ ಹೇಳಿದರು. ಟ್ರಸ್ಟಿನ ರೊವೀನಾ ಫೋನಿನಲ್ಲಿ, ಪಾಸ್‌ಪೋರ್ಟ್ ನೋಡಿದರೆ ಆಗುವುದಿಲ್ಲ, ನಿಜವಾದ ವಯಸ್ಸಿಗೆ ದಾಖಲೆ ಇದ್ದರೆ ಕಳಿಸಿ ಅಂದಳು.

ದಾಖಲೆಗೇನು ಬರ? ಮಾಸ್ತರರು ಇಳಿಸಬಹುದು, ಪಾದ್ರಿಗಳು ಇಳಿಸುತ್ತಾರೆಯೇ? "ಇಗರ್ಜಿಯ ಪುಸ್ತಕ ಇರುವಾಗ ಹೆದರಿಕೆ ಎಂತದು, ಪುತಾ?" ಅಂದಳು ಮೋಲಿ. ಊರು ಕಿನ್ನಿಗೋಳಿಯ ಚರ್ಚಿನಿಂದ, ಹುಟ್ಟಿದ ದಿನ ಬರೆದು ಮೊಹರು ಬಿದ್ದ ಜ್ಞಾನಸ್ನಾನದ ಪತ್ರ ಬಂತು. ಡೆನಿಸ್ ಕಳಿಸಿದ.

ದುಡ್ಡನ್ನು ನೇರವಾಗಿ ವಿಮಾ ಕಂಪನಿಗೇ ಕಟ್ಟುವುದು ಟ್ರಸ್ಟಿನ ಕ್ರಮ. ಕಾಗದಗಳೂ ಅಲ್ಲಿಗೇ ಹೋದವು. ಒಬ್ಬಳೇ ಹೆಂಗಸು, ಎರಡು ಹುಟ್ಟಿದ ದಿನ. ತಪ್ಪು ವಯಸ್ಸಿನ ಪಾಲಿಸಿ ರದ್ದಾಗಿದೆ, ಸರಿಯಾದ ವಯಸ್ಸಿಗೆ ಹೊಸದು ಮಾಡಿಸಬಹುದು, ಕಾಯುವ ಅವಧಿ ಮೊದಲಿನಿಂದ ಎಂದು ಕಂಪನಿ ಬರೆಯಿತು.

ಮತ್ತೆ ಹನ್ನೆರಡು ತಿಂಗಳು. ಡಾಕ್ಟರು ಕೊಟ್ಟದ್ದು ಹೆಚ್ಚೆಂದರೆ ಆರು.

ಡೆನಿಸ್ ಅದನ್ನು ಓದಿ ಹೇಳಿದಾಗ ಮೋಲಿ ಬಟಾಣಿ ಸುಲಿಯುತ್ತಿದ್ದಳು. ಕೈ ನಿಲ್ಲಿಸಲಿಲ್ಲ.

"ಮಾಸ್ತರರು ಒಳ್ಳೆಯದಕ್ಕೇ ಬರೆದದ್ದು," ಅಂದಳು. "ನೀನು ಕಳಿಸಿದ್ದೂ ಒಳ್ಳೆಯದಕ್ಕೇ."

ಮರುದಿನ ರೊವೀನಾಳ ಫೋನ್ ಬಂತು. ಅರ್ಜಿ ಪಾಸಾಗಿದೆ, ಹೊಸ ಪಾಲಿಸಿಗೂ ಅರ್ಧ ಕಟ್ಟುತ್ತೇವೆ, ಆಂಟಿಗೆ ಹೇಳಿ ಅಂದಳು. ಪಾಪ, ಅವಳ ದನಿಯಲ್ಲಿ ನಿಜವಾದ ಸಂತೋಷವಿತ್ತು.

ಮೋಲಿಯೇ ಫೋನ್ ಇಸಿದುಕೊಂಡಳು. ದೇವರು ಒಳ್ಳೆಯದು ಮಾಡಲಿ ಎಂದಳು. ನಿಮ್ಮದು ಯಾವ ಇಗರ್ಜಿ, ಯಾರ ಮಗಳು ಎಂದು ವಿಚಾರಿಸತೊಡಗಿದಳು. ದೂರದ ನಂಟೊಂದು ಸಿಕ್ಕೇಬಿಟ್ಟಿತು. ಆದರೆ ಎರಡು ಮಾತಿಗೊಮ್ಮೆ ಅವಳಿಗೆ ಉಸಿರು ಸಾಲದೆ ನಿಲ್ಲಬೇಕಾಗುತ್ತಿತ್ತು. ಲೈನ್ ಕಟ್ಟಾಯಿತೆಂದುಕೊಂಡು ರೊವೀನಾ ಆಚೆಯಿಂದ ಹಲೋ, ಹಲೋ ಎನ್ನುತ್ತಿದ್ದಳು.