ಬೀಗಿತ್ತಿ ಕದ್ದ ಇಬ್ಬನಿ

ನನ್ನ ಬೀಗಿತ್ತಿ ಬ್ರೋನೆ ಕಡಲತಡಿಯ ಕ್ಲಾಯ್ಪೆದಾದಿಂದ ಸೂಟ್‌ಕೇಸು ಹಿಡಿದು ಬಂದಿಳಿದ ದಿನವೇ ನನ್ನ ಅಡುಗೆಮನೆಯಲ್ಲಿ ಚಾಕು ಇಡುವ ಜಾಗ ಬದಲಾಯಿತು. ಮಗಳ ಬಾಣಂತನಕ್ಕೆ ಬಂದವಳು, ನಾಲ್ಕು ದಿನ ಇದ್ದು ಹೋಗುತ್ತಾಳೆ ಎಂದುಕೊಂಡೆ. ಅವಳು ಹೋಗಲಿಲ್ಲ. ಚಾಕಿನ ಹಿಂದೆಯೇ ಉಪ್ಪಿನ ಡಬ್ಬಿ ಹೋಯಿತು, ಒರೆಸುವ ಬಟ್ಟೆ ಹೋಯಿತು, ಕೊನೆಗೆ ನನ್ನ ಮಗನ ನಾಲಿಗೆಯೂ ಅವಳ ಕಡೆಗೆ ಹೋಯಿತು.

ನಾಲಿಗೆ ಎಂದೆನಲ್ಲ, ಅದು ಹೀಗೆ. ಬೀಟ್‌ರೂಟು, ಸೌತೆಕಾಯಿ, ಮಜ್ಜಿಗೆ ಕಲಸಿ ಬೇಸಿಗೆಯಲ್ಲಿ ಮಾಡುವ ಗುಲಾಬಿ ಬಣ್ಣದ ತಣ್ಣನೆ ಸಾರನ್ನು ನನ್ನ ಮಗ ವಿದ್ಮಾಂತಸ್ ಹಲ್ಲು ಮೂಡಿದಾಗಿನಿಂದ ನನ್ನ ಕೈಯಲ್ಲೇ ಉಂಡವನು. ಬ್ರೋನೆ ಒಂದು ಮಧ್ಯಾಹ್ನ ಅದಕ್ಕೆ ಒಂದು ಹಿಡಿ ಸಬ್ಬಸಿಗೆ ಜಾಸ್ತಿ ಹೆಚ್ಚಿ ಹಾಕಿದಳು, ಅಷ್ಟೆ. ಮರದ ಮಿಲ್ಲಿನಿಂದ ಹಸಿದು ಬಂದವನು ಇನ್ನೊಂದು ಬಟ್ಟಲು ಬಡಿಸಿಕೊಂಡು, ನೀನೂ ಹೀಗೇ ಮಾಡಬಹುದಲ್ಲಮ್ಮ ಅಂದ. ಸಬ್ಬಸಿಗೆ ನನ್ನ ಹಿತ್ತಲಿನದು, ಮಜ್ಜಿಗೆ ನನ್ನ ಹಸುವಿನದು, ಹೊಗಳಿಕೆ ಮಾತ್ರ ಅವಳದು.

ಇನ್ನು ಮೊಮ್ಮಗಳು. ನಾನು ಎತ್ತಿಕೊಂಡರೆ ಮನೆಯ ಮಾಡು ಹಾರಿಹೋಗುವಂತೆ ಅಳುವ ಕೂಸು ಬ್ರೋನೆಯ ತೋಳಿಗೆ ಹೋದ ಕೂಡಲೇ ಗಪ್‌ಚಿಪ್. ಬ್ರೋನೆ ಜೀವಮಾನವೆಲ್ಲ ಶಿಶುವಿಹಾರದಲ್ಲಿ ಮಕ್ಕಳನ್ನು ನೋಡಿಕೊಂಡವಳು, ಅಭ್ಯಾಸವಿದೆ, ಅದಕ್ಕೇ ಹಾಗೆ ಎಂದು ಸೊಸೆ ನೆರಿಂಗಾ ನನಗೆ ಸಮಾಧಾನ ಹೇಳಿದಳು. ಆ ಸಮಾಧಾನ ಗಾಯಕ್ಕೆ ಉಪ್ಪು ಸವರಿದಂತಿತ್ತು. ಮಕ್ಕಳನ್ನು ನಾನು ಸಾಕಿಲ್ಲವೇ? ಈ ನೆರಿಂಗಾಳ ಗಂಡ ಆಗಿದ್ದಾನಲ್ಲ ನನ್ನ ಮಗ, ಅವನು ಮರದಲ್ಲಿ ಬಿಟ್ಟಿದ್ದನೇ?

ಇಷ್ಟೆಲ್ಲ ನುಂಗಿಕೊಂಡೆ. ನುಂಗಿಕೊಳ್ಳಲು ಒಂದು ಕಾರಣವಿತ್ತು. ಮಗುವಿಗೆ ಇನ್ನೂ ಹೆಸರಿಟ್ಟಿರಲಿಲ್ಲ.

ನಡುಬೇಸಿಗೆಯ ಹಬ್ಬದ ದಿನ ಚರ್ಚಿನಲ್ಲಿ ಜ್ಞಾನಸ್ನಾನ, ತಲೆಗೆ ನೀರು ಹಾಕಿ ಹೆಸರಿಡುವುದು, ಎಂದು ನಿಶ್ಚಯವಾಗಿತ್ತು. ಯಾವ ಹೆಸರೂ ತೋಚದೆ ತಲೆಕೆಡಿಸಿಕೊಂಡಿದ್ದ ನೆರಿಂಗಾ ಕೊನೆಗೆ ಒಂದು ಮಾತು ಹೇಳಿದಳು. ಇಬ್ಬರು ಅಜ್ಜಿಯರೂ ಒಂದೊಂದು ಹೆಸರು ಯೋಚಿಸಿಡಿ, ಆ ದಿನ ಬೆಳಿಗ್ಗೆ ತಿಂಡಿ ಹೊತ್ತಿಗೆ ಹೇಳಿ, ಮನಸ್ಸಿಗೆ ಹಿಡಿಸಿದ್ದನ್ನು ಇಡೋಣ. ಅಲ್ಲಿಯವರೆಗೆ ಯಾರೂ ಬಾಯಿ ಬಿಡುವಂತಿಲ್ಲ. ಅದು ಅವಳ ಹಟವಲ್ಲ, ನಮ್ಮಲ್ಲಿ ನಡೆದುಬಂದಿದ್ದೇ ಹಾಗೆ. ನೀರು ಬೀಳುವ ದಿನಕ್ಕೆ ಮೊದಲೇ ಹೆಸರು ಆಡಿದರೆ ಕಣ್ಣು ತಾಗುತ್ತದೆ.

ನನಗೆ ಯೋಚಿಸುವುದೇನಿರಲಿಲ್ಲ. ನನ್ನ ಹೆಸರು ನಾನು ಹುಟ್ಟಿದಾಗಿನಿಂದ ಕಾದುಕೊಂಡು ಕೂತಿತ್ತು. ರಾಸಾ. ಇಬ್ಬನಿ.

ಈಗ ನಮ್ಮೂರ ಶಾಲೆಯಲ್ಲಿ ಹುಡುಗಿಯರ ಹೆಸರು ಹಿಡಿದು ಹಾಜರಿ ಕೂಗಿದರೆ ಕಾಡು, ಕೆರೆ, ಆಕಾಶ ಎಲ್ಲ ಓಗೊಡುತ್ತವೆ. ಒಬ್ಬಳು ಲಿಂಡನ್ ಮರ, ಒಬ್ಬಳು ಬಿರುಗಾಳಿ, ಒಬ್ಬಳು ರೈ ಪೈರು, ಇನ್ನೊಬ್ಬಳು ಕಾಮನಬಿಲ್ಲು. ನಮ್ಮ ಮನೆಯಲ್ಲಿ ಆ ಗಾಳಿ ತಡವಾಗಿ ಬೀಸಿತು. ನಾನು ಹುಟ್ಟಿದ್ದು ನಡುಬೇಸಿಗೆಯ ಹಬ್ಬದ ಬೆಳಗಿನ ಜಾವ. ಚರ್ಚಿನವರು ಅದನ್ನು ಸಂತ ಯೊವಾನ್ನರ ಹಬ್ಬ ಅನ್ನುತ್ತಾರೆ, ಹಳಬರಿಗೆ ಅದು ಇಬ್ಬನಿಯ ಹಬ್ಬ. ಆ ದಿನದ ಇಬ್ಬನಿಯಲ್ಲಿ ಮುಖ ತೊಳೆದ ಹುಡುಗಿಗೆ ವರ್ಷವಿಡೀ ಕಳೆ ಬಾಡುವುದಿಲ್ಲ, ಅದು ಬಿದ್ದ ಹೊಲದಲ್ಲಿ ತೆನೆ ಜೊಳ್ಳಾಗುವುದಿಲ್ಲ. ಅಮ್ಮ ಅಂಗೈಯಲ್ಲಿ ಹುಲ್ಲಿನ ಇಬ್ಬನಿ ಸವರಿ ನನ್ನ ಹಣೆಗೆ ಒತ್ತಿ ರಾಸಾ ಎಂದಳಂತೆ. ಅಪ್ಪನ ತಾಯಿಗೆ ಅದು ಹಿಡಿಸಲಿಲ್ಲ. ಸಂತರಲ್ಲಿ ಇಬ್ಬನಿ ಎಂಬವರಿಲ್ಲ ಎಂದು ಪಾದ್ರಿಯೂ ಅವಳಿಗೇ ತಾಳ ಹಾಕಿದರು. ಅಜ್ಜಿ ತನ್ನದೇ ಹೆಸರನ್ನು ನನ್ನ ತಲೆಗೆ ಕಟ್ಟಿದಳು. ತೆಯೋಫಿಲೆ. ಸೊಸೆಯಾಗಿ ಬಂದವಳ ಮಾತು ಆ ಮನೆಯಲ್ಲಿ ಎಲ್ಲಿ ನಡೆಯಬೇಕು?

ಆದರೂ ಯಾರೂ ಇಲ್ಲದ ಹೊತ್ತಿನಲ್ಲಿ, ಆಲೂಗೆಡ್ಡೆ ಅಗೆಯುವಾಗ, ಕೆರೆಯಲ್ಲಿ ಬಟ್ಟೆ ಜಾಲಿಸುವಾಗ, ಅಮ್ಮ ನನ್ನನ್ನು ರಾಸಾ ಎಂದೇ ಕರೆಯುತ್ತಿದ್ದಳು. ನನ್ನ ಗಂಡನಿಗೂ ಅದು ಗೊತ್ತಿರಲಿಲ್ಲ. ಅಮ್ಮ ಹೋದ ಮೇಲೆ ಆ ಹೆಸರು ಹಿಡಿದು ನನ್ನನ್ನು ಕರೆದವರಿಲ್ಲ. ನಾನು ಕಣ್ಣು ಮುಚ್ಚುವ ಮೊದಲು ಈ ಅಂಗಳದಲ್ಲಿ ಯಾರಾದರೂ ಅದನ್ನು ಬಾಯ್ತುಂಬ ಕೂಗುವುದನ್ನು ಕೇಳಬೇಕು, ಮೊಮ್ಮಗಳನ್ನಾದರೂ ಸರಿ. ನನ್ನ ಆಸೆ ಅಷ್ಟೇ.

ಹಬ್ಬಕ್ಕೆ ಒಂದು ವಾರ ಇರುವಾಗ ನನ್ನ ಹಸು ಮಾರ್ಗೆ ಹಾಲು ಕಡಿಮೆ ಮಾಡಿತು. ಮೇವು ಅದೇ, ನೀರು ಅದೇ. ಮನೆಯಲ್ಲಿ ಹೊಸದಾಗಿ ಬಂದಿದ್ದು ಒಂದೇ, ಬೀಗಿತ್ತಿ. ಅಂದುಕೊಳ್ಳಬಾರದಿತ್ತು, ಅಂದುಕೊಂಡೆ. ಹಬ್ಬದ ಹಿಂದಿನ ಸಂಜೆ ಅಮ್ಮ ಮಾಡುತ್ತಿದ್ದ ಹಾಗೆ ಕೊಟ್ಟಿಗೆ ಬಾಗಿಲಿಗೆ ತುರಿಕೆ ಸೊಪ್ಪು, ರೋವನ್ ಮರದ ಕೊಂಬೆ ಸಿಕ್ಕಿಸಿದೆ. ಮಾಟಗಾತಿಯರು ಒಳಗೆ ಕಾಲಿಡದಿರಲಿ ಅಂತ. ಬ್ರೋನೆ ಅದನ್ನು ನೋಡಿ, ಚೆನ್ನಾಗಿ ಅಲಂಕಾರ ಮಾಡಿದ್ದೀರಿ ಅಂದಳು.

ಬೆಳಿಗ್ಗೆ ಸೂರ್ಯ ಇನ್ನೂ ಪೈನ್ ಮರಗಳ ಹಿಂದಿದ್ದಾಗ ಹಾಲಿನ ಬಕೆಟ್ ಹಿಡಿದು ಹೊರಗೆ ಬಂದೆ. ಮಾರ್ಗೆ ಮೇಯುವ ಹುಲ್ಲುಗಾವಲಿನಲ್ಲಿ ಬಿಳಿ ರವಿಕೆಯ ಒಬ್ಬ ಹೆಂಗಸು ಬಗ್ಗಿ ಬಗ್ಗಿ ಉದ್ದನೆಯ ನಾರಿನ ಟವೆಲನ್ನು ಹುಲ್ಲಿನ ಮೇಲೆ ಎಳೆದುಕೊಂಡು ಹೋಗುತ್ತಿದ್ದಳು. ಬ್ರೋನೆ.

ನಮ್ಮ ಕಡೆಯ ಎಳೆಮಗುವಿಗೂ ಇದು ಗೊತ್ತು. ನಡುಬೇಸಿಗೆಯ ಬೆಳಿಗ್ಗೆ ಇನ್ನೊಬ್ಬರ ಹುಲ್ಲಿನ ಮೇಲಿಂದ ಟವೆಲ್ ಎಳೆದು ಇಬ್ಬನಿ ಹೀರಿಸಿಕೊಂಡವಳು ಆ ಮನೆಯ ಹಸುವಿನ ಹಾಲನ್ನು ತನ್ನ ಮನೆಗೆ ಎಳೆದುಕೊಂಡ ಹಾಗೆ. ಇವಳಿಗೆ ಕ್ಲಾಯ್ಪೆದಾದ ಮೂರನೇ ಮಹಡಿಯಲ್ಲಿ ಹಸು ಎಲ್ಲಿಂದ ಬರಬೇಕು ಎಂದು ಯೋಚಿಸುವ ತಾಳ್ಮೆ ನನಗಿರಲಿಲ್ಲ. ನನ್ನ ಮೈಯೆಲ್ಲ ಉರಿಯಿತು. ಬಕೆಟ್ ಅಲ್ಲೇ ಕುಕ್ಕಿ ಬೇಲಿ ದಾಟಿದೆ.

"ಬೀಗಿತ್ತಿಯವರೇ, ನನ್ನ ಹಸು ನಿಮಗೇನು ಅನ್ಯಾಯ ಮಾಡಿತ್ತು?" ಅಂದೆ.

ಅವಳು ಬೆಚ್ಚಿ ನೆಟ್ಟಗಾದಳು. ನನ್ನನ್ನೂ ಟವೆಲನ್ನೂ ನೋಡಿದಳು. ಅರ್ಥವಾದ ಮೇಲೆ ನಗು ಬಂತು ಅವಳಿಗೆ. ಅದನ್ನು ನೋಡಿ ನನ್ನ ಸಿಟ್ಟು ಇನ್ನೂ ಏರಿತು.

"ನಗ್ತೀರಾ? ಅಡುಗೆಮನೆ ತಗೊಂಡ್ರಿ, ಮಗನ್ನ ತಗೊಂಡ್ರಿ, ಕೂಸನ್ನ ತಗೊಂಡ್ರಿ. ಇನ್ನು ಉಳಿದಿದ್ದು ಹಾಲೊಂದು. ಅದನ್ನೂ ಹಿಂಡ್ಕೊಂಡು ಹೋಗಿ."

"ಅಯ್ಯೋ, ನಿಮ್ಮ ಹಾಲು ನಂಗ್ಯಾಕ್ರೀ," ಅಂದಳು. ಅವಳ ಮುಖ ಕೆಂಪಾಗಿತ್ತು. "ಮಗೂಗೆ ಮುಖ ತೊಳಿಸೋಕೆ ಇದು. ಅಂಗೈಲಿ ಎಷ್ಟು ಸಿಗತ್ತೆ ಅಂತ ಟವೆಲ್ ತಂದೆ. ನೀವು ಹೀಗೆ ಕಳ್ಳಿ ಅಂದ್ಮೇಲೆ ಹೇಳ್ದೆ ವಿಧಿಯಿಲ್ಲ. ನಾನು ಯೋಚಿಸಿರೋ ಹೆಸರು ರಾಸಾ. ಅದಕ್ಕೇ ಇವತ್ತಿನ ಇಬ್ಬನಿ ಬೇಕಿತ್ತು."

ಅವಳ ಕಾಲಬುಡದಲ್ಲಿ ನನ್ನದೇ ಎನಾಮೆಲ್ ಬಟ್ಟಲಿತ್ತು. ಹಿಂಡಿದ ನೀರು ಅದರ ತಳ ಮುಚ್ಚುವಷ್ಟಿತ್ತು. ಅವಳು ಇನ್ನೂ ಏನೋ ಹೇಳಲು ಬಾಯಿ ತೆರೆದಳು. ನಾನು ತಿರುಗಿ ನಡೆದೆ.

ಹಾಲು ಕದ್ದಿದ್ದರೆ ಕ್ಷಮಿಸುತ್ತಿದ್ದೆನೇನೋ. ಇವಳ ಬಾಯಿಂದ ಆ ಹೆಸರು ಬಂತಲ್ಲ. ಎಲ್ಲ ಬಿಟ್ಟು ಅದೇ ಹೆಸರು. ಊರಿಗೆಲ್ಲ ಸೇರಿದ ಹೆಸರು, ಯಾರು ಬೇಕಾದರೂ ಯೋಚಿಸಬಹುದಾದದ್ದು ಎಂದು ತಲೆ ಹೇಳುತ್ತಿತ್ತು. ಹೊಟ್ಟೆಗೆ ಅದು ಕೇಳಿಸಲಿಲ್ಲ. ಅಮ್ಮ ಕದ್ದು ಮುಚ್ಚಿ ನನಗೊಬ್ಬಳಿಗೇ ಕೊಟ್ಟಿದ್ದನ್ನು ಈ ಹೆಂಗಸು ನನ್ನ ಹುಲ್ಲಿನಿಂದಲೇ ಎತ್ತಿಕೊಂಡು ನನ್ನದೇ ಬಟ್ಟಲಿಗೆ ಹಿಂಡಿದ್ದಳು.

ತಿಂಡಿಗೆ ಕೂತೆವು. ಜೀರಿಗೆ ಹಾಕಿದ ಹಬ್ಬದ ಚೀಸು, ಕರಿ ರೊಟ್ಟಿ, ಜೇನು ಇಟ್ಟಿದ್ದೆ. ಬ್ರೋನೆ ಬಟ್ಟಲನ್ನು ತಂದು ಕಿಟಕಿಯ ಬಳಿ ಇಟ್ಟು ಬಂದು ಕೂತಳು. ನೆರಿಂಗಾ ಮಗುವನ್ನು ಮಡಿಲಲ್ಲಿ ಹಾಕಿಕೊಂಡು, ಮೊದಲು ಅತ್ತೆ ಹೇಳಲಿ ಅಂದಳು.

ಹೆಸರು ನಾಲಿಗೆಯ ತುದಿಯಲ್ಲೇ ಇತ್ತು. ಹೇಳಿದರೆ ಏನಾಗುತ್ತದೆ ಎಂದೂ ಕಣ್ಣಿಗೆ ಕಟ್ಟಿತು. ಅಯ್ಯೋ ನಂದೂ ಅದೇ ಅನ್ನುತ್ತಾಳೆ ಬ್ರೋನೆ. ಹೋಗಿ ಬಟ್ಟಲು ತರುತ್ತಾಳೆ. ಎಲ್ಲರೂ ಆಹಾ ಅನ್ನುತ್ತಾರೆ. ಮುಂದೆ ಜೀವಮಾನವಿಡೀ, ನಿನಗೆ ಹೆಸರಿಟ್ಟಿದ್ದು ಬ್ರೋನೆ ಅಜ್ಜಿ, ಇಬ್ಬನಿ ತಂದು ಮುಖ ತೊಳೆಸಿದವಳೂ ಅವಳೇ ಎಂದು ಆ ಮಗುವಿಗೆ ಹೇಳುತ್ತಾರೆ. ಈ ಅಂಗಳದಲ್ಲಿ ರಾಸಾ ಎಂದು ಕೂಗಿದಾಗಲೆಲ್ಲ ನನಗೆ ಕಾಣುವುದು ಅಮ್ಮನ ಮುಖವಲ್ಲ, ಟವೆಲ್ ಹಿಡಿದ ಇವಳ ಮುಖ.

ಕಿಟಕಿಯಾಚೆ ಕೆರೆಯ ಮೇಲೆ ಮಂಜು ಇನ್ನೂ ಕರಗಿರಲಿಲ್ಲ.

"ಮಿಗ್ಲೆ," ಅಂದೆ. ಮಂಜು.

ವಿದ್ಮಾಂತಸ್ ರೊಟ್ಟಿ ಕೆಳಗಿಟ್ಟ. ಮಿಗ್ಲೆ ಅಂತಲಾ, ನೀನು ಹೇಳ್ಬೇಕು ಅಂದ್ಕೊಂಡಿದ್ದು ಇದೇನಾ ಎಂದು ಎರಡು ಸಲ ಕೇಳಿದ. ಹೌದು, ಇದೇ ಅಂದೆ. ನೆರಿಂಗಾ ತಾಯಿಯ ಕಡೆ ತಿರುಗಿದಳು. ಬ್ರೋನೆ ನನ್ನನ್ನು ನೋಡಿದಳು. ಆಮೇಲೆ, ನಂದು ಬೇರೆ ಇಲ್ಲ, ಇದೇ ಇರಲಿ, ಚೆನ್ನಾಗಿದೆ ಅಂದುಬಿಟ್ಟಳು.

ನೆರಿಂಗಾಳಿಗೆ ಎಂಥ ನೆಮ್ಮದಿ. ಎದ್ದು ಬಂದು ನನ್ನ ಕೆನ್ನೆಗೆ ಮುತ್ತಿಟ್ಟಳು. ಬೀಗಿತ್ತಿ ಬಂದ ಮೇಲೆ ಮೊದಲ ಸಲ ನಾನು ಗೆದ್ದಿದ್ದೆ. ಚರ್ಚಿನಲ್ಲಿ ಪಾದ್ರಿ ಮಗುವಿನ ತಲೆಗೆ ನೀರು ಹಾಕಿ ಮಿಗ್ಲೆ ಎಂದಾಗ ಆ ಗೆಲುವಿನ ರುಚಿ ನೋಡಲು ಕಾದೆ. ರುಚಿ ಹತ್ತಲಿಲ್ಲ, ಕರ್ಚೀಫಿನಿಂದ ಕಣ್ಣೊರೆಸಿಕೊಂಡೆ. ಪಕ್ಕದ ಬೆಂಚಿನವರು ಅಜ್ಜಿಗೆ ಆನಂದಬಾಷ್ಪ ಎಂದುಕೊಂಡಿರಬೇಕು.

ಊಟ ಮುಗಿದು ನೆಂಟರು ಹೊರಟ ಮೇಲೆ ವಿದ್ಮಾಂತಸ್ ಬೆಂಚುಗಳನ್ನು ಒಳಗೆ ಸಾಗಿಸುತ್ತಿದ್ದವನು ನನ್ನ ಹತ್ತಿರ ನಿಂತ.

"ನೀನು ರಾಸಾ ಅಂತೀಯ ಅಂದ್ಕೊಂಡಿದ್ದೆ ಕಣಮ್ಮ. ನಾನು ಚಿಕ್ಕವನಿದ್ದಾಗ ಆಲೂಗೆಡ್ಡೆ ಹೊಲದಲ್ಲಿ ಅಜ್ಜಿ ನಿನ್ನ ಹಾಗೆ ಕರೀತಿದ್ದಿದ್ದು ನಂಗೆ ಚೆನ್ನಾಗಿ ನೆನಪಿದೆ. ಬ್ರೋನೆ ಅತ್ತೆಗೂ ಹೇಳಿದ್ದೆ."

"ಅವರಿಗ್ಯಾಕೆ ಹೇಳ್ದೆ?"

"ಕೇಳಿದ್ರು. ನಿಮ್ಮಮ್ಮಂಗೆ ಯಾವ ಹೆಸರು ಇಷ್ಟ ಆಗತ್ತೆ ಅಂತ. ನೀನಾಗಿ ಬಾಯಿ ಬಿಡೋಳಲ್ಲ, ನೀನು ಹೇಳ್ದೆ ಹೋದ್ರೆ ತಾವೇ ಹೇಳ್ತೀನಿ ಅಂದಿದ್ರು. ಹೇಳ್ಲಿಲ್ವಲ್ಲ, ಯಾಕೋ."

ಇದನ್ನು ಕೇಳಿದವಳಿಗೆ ಕಣ್ಣಲ್ಲಿ ನೀರು ಬರಬೇಕಿತ್ತು. ನನಗೆ ಹೊಟ್ಟೆಕಿಚ್ಚು ಬಂತು, ಮೊದಲಿಗಿಂತ ಜೋರಾಗಿ. ನನ್ನ ಮಗನ ನೆನಪಿನಲ್ಲಿ ಅಮ್ಮನ ಆ ದನಿ ಇದೆ ಎಂದು ನನಗೇ ಗೊತ್ತಿರಲಿಲ್ಲ, ಅವಳಿಗೆ ಗೊತ್ತಿತ್ತು. ನನಗೆ ಏನು ಬೇಕು ಎಂದು ಇಷ್ಟು ವರ್ಷದಲ್ಲಿ ಯಾರೂ ಕೇಳಿರಲಿಲ್ಲ, ಅವಳು ಕೇಳಿದ್ದಳು. ಸಾರಿನಲ್ಲಿ ಸೋತೆ, ಕೂಸಿನಲ್ಲಿ ಸೋತೆ, ಹೋಗಲಿ. ಒಳ್ಳೆತನದಲ್ಲೂ ಇವಳು ನನಗಿಂತ ಮುಂದೆ ಇರಬೇಕೇ? ನಾನು ಮಾಡಿದ್ದೇನು? ಅವಳ ಬಾಯಿಗೆ ಹೋಗಬಾರದು ಅಂತ ನನ್ನ ತುತ್ತನ್ನು ನಾನೇ ನೆಲಕ್ಕೆ ಚೆಲ್ಲಿದ್ದೆ. ಮಗುವಿನ ತಲೆಗೆ ನೀರು ಬಿದ್ದಾಗಿತ್ತು. ಇನ್ನು ಅದು ರಾಸಾ ಆಗುವುದಿಲ್ಲ.

ಬ್ರೋನೆ ಬಾವಿಯ ಹತ್ತಿರ ತಟ್ಟೆ ತೊಳೆಯುತ್ತಿದ್ದಳು. ಹೋಗಿ ಎದುರಿಗೆ ನಿಂತೆ. ತಪ್ಪಾಯಿತು ಅನ್ನಬೇಕು ಎಂದೇ ಹೋಗಿದ್ದೆ. ಬಂದಿದ್ದು ಬೇರೆ.

"ಗೊತ್ತಿದ್ದೂ ಯಾಕೆ ಸುಮ್ಮನಾದ್ರಿ?"

ಅವಳು ಕೈ ಒರೆಸಿಕೊಂಡಳು. "ಅದು ನಿಮ್ಮ ಹೆಸರು. ನೀವೇ ಕೊಡಲ್ಲ ಅಂದ್ಮೇಲೆ ನಾನು ಯಾರು ಕೊಡೋಕೆ?"

"ಮಗೂಗೆ ಕೊಡಲ್ಲ ಅಂದಿದ್ದಲ್ಲ. ನಿಮಗೆ ಕೊಡಲ್ಲ ಅಂದಿದ್ದು," ಅಂದೆ. ಬಾಯಿಂದ ಬಿದ್ದುಹೋಯಿತು. ಇಷ್ಟು ನಿಜವನ್ನು ಆ ಹೆಂಗಸಿಗೆ ಹೇಳುತ್ತೇನೆ ಎಂದುಕೊಂಡಿರಲಿಲ್ಲ.

ಅವಳಿಗೆ ಬೇಜಾರಾಯಿತು. ಮುಖ ನೋಡಿದರೆ ಗೊತ್ತಾಗುತ್ತಿತ್ತು. ತಟ್ಟೆಗಳನ್ನು ಒಂದರ ಮೇಲೊಂದು ಜೋಡಿಸಿದಳು, ನಾನು ಇಡುವ ಹಾಗಲ್ಲ, ಅವಳು ಇಡುವ ಹಾಗೆ. ಎತ್ತಿಕೊಂಡು ಒಳಗೆ ಹೋದಳು. ಇನ್ನು ನಾಳೆಯೇ ಸೂಟ್‌ಕೇಸು ಕಟ್ಟುತ್ತಾಳೆ, ಕಟ್ಟಲಿ ಎಂದುಕೊಂಡು ಬಾವಿಕಟ್ಟೆಯ ಮೇಲೆ ಕೂತೆ. ನಡುಬೇಸಿಗೆಯ ಸಂಜೆ, ಬೆಳಕು ಹೋಗುವ ಲಕ್ಷಣವೇ ಇರಲಿಲ್ಲ. ಒಳಗೆ ಮಗು ಅಳಲು ಶುರು ಮಾಡಿತು. ಬ್ರೋನೆ ಎತ್ತಿಕೊಂಡಿರಬೇಕು, ಈಗ ಸುಮ್ಮನಾಗುತ್ತದೆ ಎಂದು ಕಾದೆ. ಇವತ್ತು ಅವಳ ಕೈಯಲ್ಲೂ ಅಳು ನಿಲ್ಲಲಿಲ್ಲ. ನಿಜ ಹೇಳುತ್ತೇನೆ, ಒಂದು ಗಳಿಗೆ ಖುಷಿಯಾಯಿತು.

ಆಗ ಅಡುಗೆಮನೆಯ ಬಾಗಿಲು ತೆರೆಯಿತು. ಅಳುವ ಕೂಸನ್ನು ಹೆಗಲಿಗೆ ಹಾಕಿಕೊಂಡ ಬ್ರೋನೆ ಹೊಸ್ತಿಲಲ್ಲಿ ನಿಂತು, ಅಂಗಳ ತುಂಬುವಂತೆ ಕೂಗಿದಳು.

"ರಾಸಾ, ಬನ್ನಿ ಇಲ್ಲಿ. ನಂಗೆ ಆಗ್ತಿಲ್ಲ. ನೀವು ಎತ್ಕೊಳ್ಳಿ."

ಕಡಲತಡಿಯವರ ಎಳೆದು ಮಾತಾಡುವ ದನಿ. ಅದಕ್ಕೆ ಅಮ್ಮನ ದನಿಯ ಗಾಳಿಯೂ ಸೋಕಿರಲಿಲ್ಲ. ಲೋಕದಲ್ಲಿ ಇಷ್ಟು ಗಂಟಲುಗಳಿರುವಾಗ ಆ ಹೆಸರಿಗೆ ಇವಳ ಗಂಟಲೇ ಸಿಗಬೇಕಿತ್ತೇ ಎಂದು ಉರಿದುಕೊಂಡೆ. ಉರಿದುಕೊಳ್ಳುತ್ತಲೇ "ಬಂದೆ" ಎಂದು ಓಗೊಟ್ಟು, ಏಪ್ರನ್ನಿಗೆ ಕೈ ಒರೆಸಿಕೊಳ್ಳುತ್ತ ಓಡಿದೆ.